ಹನ್ನೆರಡು ವರ್ಷದ ಮುತ್ತಿಗೆ: ಶಿವನಸಮುದ್ರದ ಕಥೆ ಮತ್ತು ಚರಿತ್ರೆ

ಕೊಳ್ಳೇಗಾಲದಿಂದ ಮಳವಳ್ಳಿ ರಸ್ತೆ ಹಿಡಿದು ಹೊರಟರೆ ಸ್ವಲ್ಪ ಹೊತ್ತಿಗೆಲ್ಲ ಸತ್ತೇಗಾಲ ಸಿಗುತ್ತದೆ. ಅಲ್ಲಿಂದ ಮುಂದೆ ಕಾವೇರಿ. ಹೊಳೆ ಇಲ್ಲಿ ಎರಡು ಕವಲಾಗಿ ಒಡೆಯುತ್ತದೆ. ಒಂದು ಕವಲು ಗಗನಚುಕ್ಕಿಯಾಗಿ, ಇನ್ನೊಂದು ಭರಚುಕ್ಕಿಯಾಗಿ ಧುಮುಕಿ, ಕೆಳಗೆ ಕಣಿವೆಯಲ್ಲಿ ಮತ್ತೆ ಒಂದಾಗುತ್ತವೆ. ಎರಡು ಕವಲುಗಳ ನಡುವೆ ಉಳಿದಿರುವ ನಡುಗಡ್ಡೆಯೇ ಶಿವನಸಮುದ್ರ.

ಮಳೆಗಾಲದಲ್ಲಿ ಇಲ್ಲಿಗೆ ಜನವೋ ಜನ. ಜಲಪಾತ ನೋಡುತ್ತಾರೆ, ಫೋಟೋ ತೆಗೆದುಕೊಳ್ಳುತ್ತಾರೆ, ಚುರುಮುರಿ ತಿಂದು ಹೊರಟುಹೋಗುತ್ತಾರೆ. ಈ ನಡುಗಡ್ಡೆಯ ಮೇಲೆ ಒಂದು ಕಾಲಕ್ಕೆ ಕೋಟೆಯಿತ್ತು, ಪಟ್ಟಣವಿತ್ತು, ಅದನ್ನು ಹಿಡಿಯಲು ದೊಡ್ಡ ಸೈನ್ಯವೊಂದು ಹೊಳೆಯಾಚೆ ಬೀಡುಬಿಟ್ಟು ಕಾದಿತ್ತು ಎಂದು ಹೇಳುವವರು ಕಡಿಮೆ. ಮಕ್ಕಳೇ, ಆ ಮುತ್ತಿಗೆಯ ವಿಷಯವನ್ನೇ ಇಂದು ಹೇಳುತ್ತೇನೆ. ಇದಕ್ಕೆ ಎರಡು ಲೆಕ್ಕಗಳಿವೆ. ಒಂದು ಜನರ ಬಾಯಲ್ಲಿ ಬಂದ ಕಥೆ, ಇನ್ನೊಂದು ಶಾಸನ, ಗ್ರಂಥಗಳಿಂದ ತಿಳಿಯುವ ಚರಿತ್ರೆ. ಎರಡೂ ಒಂದಕ್ಕೊಂದು ತಾಳೆಯಾಗುವುದಿಲ್ಲ. ಬ್ಯಾಂಕಿನಲ್ಲಿ ಲೆಡ್ಜರ್ ನೋಡಿ ನೋಡಿ ರೂಢಿಯಾದ ನನ್ನಂಥವನಿಗೆ, ತಾಳೆಯಾಗದ ಲೆಕ್ಕದ ಮೇಲೆಯೇ ಆಸಕ್ತಿ ಹೆಚ್ಚು.

ಮೊದಲು ಕಥೆ

ಶಿವನಸಮುದ್ರವನ್ನು ಗಂಗರಾಜನೆಂಬ ಅರಸ ಕಟ್ಟಿಸಿದನಂತೆ. ಅವನ ಮಗ ನಂದಿರಾಜ. ಯಾವುದೋ ಆಚಾರದಲ್ಲಿ ಲೋಪವಾಯಿತೆಂದು ಅದರ ಪ್ರಾಯಶ್ಚಿತ್ತಕ್ಕಾಗಿ ನಂದಿರಾಜ ಹೆಂಡತಿಯೊಡನೆ ಕುದುರೆಯೇರಿ ಗಗನಚುಕ್ಕಿಗೆ ಹಾರಿಬಿಟ್ಟನಂತೆ. ಅವನ ಮಗ ಎರಡನೆಯ ಗಂಗರಾಜ. ಇವನ ಕಾಲಕ್ಕೆ ಪಟ್ಟಣ ಬೆಳೆಯಿತು, ಐಶ್ವರ್ಯ ತುಂಬಿ ತುಳುಕಿತು.

ಈ ಗಂಗರಾಜನಿಗೆ ಇಬ್ಬರು ಹೆಣ್ಣುಮಕ್ಕಳು. ಒಬ್ಬಳನ್ನು ಸತ್ತೇಗಾಲದ ಹತ್ತಿರದ ಕಿಲಿಮಲೆಯ ಅರಸನಿಗೆ, ಇನ್ನೊಬ್ಬಳನ್ನು ಮದ್ದೂರಿನ ಹತ್ತಿರದ ನಗರಕೆರೆಯ ಅರಸನಿಗೆ ಕೊಟ್ಟ. ಇಬ್ಬರಿಗೂ ತವರಿನ ವೈಭವದ ಗರ್ವ. "ನಮ್ಮಪ್ಪನ ಮನೆಯಲ್ಲಿ ಹೀಗಿತ್ತು, ಹಾಗಿತ್ತು, ನಿಮ್ಮ ಮನೆಯಲ್ಲಿ ಏನಿದೆ?" ಎಂದು ಗಂಡಂದಿರನ್ನು ಹಂಗಿಸುತ್ತಿದ್ದರಂತೆ. ರೋಸಿಹೋದ ಅಳಿಯಂದಿರಿಬ್ಬರೂ ಕೂಡಿ ಮಾತಾಡಿಕೊಂಡು, ಮಾವನಿಗಿಂತ ತಾವೇ ಬಲಶಾಲಿಗಳೆಂದು ತೋರಿಸಲು ದಂಡು ಕಟ್ಟಿಕೊಂಡು ಬಂದರು.

ಆದರೆ ನಡುವೆ ಕಾವೇರಿ! ಹನ್ನೆರಡು ವರ್ಷ ಮುತ್ತಿಗೆ ಹಾಕಿದರೂ ನಡುಗಡ್ಡೆಯ ಮೇಲೆ ಕಾಲಿಡಲು ಆಗಲಿಲ್ಲ. ಕೊನೆಗೆ ಅವರು ಗಂಗರಾಜನ ದಳವಾಯಿಯನ್ನೇ ಒಳಗೆ ಹಾಕಿಕೊಂಡರು. ಕೋಟೆಗೆ ಬರಲು ಇದ್ದದ್ದು ಒಂದೇ ಹಾಯ್ಗಡ. ಹಾಯ್ಗಡವೆಂದರೆ ಹೊಳೆಯನ್ನು ನಡೆದೇ ದಾಟಬಹುದಾದ ಜಾಗ. ದಳವಾಯಿ ಅಲ್ಲಿನ ಕಾವಲನ್ನು ತೆಗೆಸಿದ. ರಾಜನಿಗೆ ಅನುಮಾನ ಬಾರದಿರಲೆಂದು ಅವನನ್ನು ಚದುರಂಗಕ್ಕೆ ಕೂರಿಸಿಕೊಂಡ.

ಆಟ ರಂಗೇರಿದ್ದಾಗ ಹೊರಗೆ ಗದ್ದಲ ಕೇಳಿಸಿತು. ರಾಜ ತಲೆಯೆತ್ತಿದ. "ಏನಿಲ್ಲ ಸ್ವಾಮಿ, ಮಕ್ಕಳು ಆಡುತ್ತಿದ್ದಾರೆ" ಎಂದ ದಳವಾಯಿ. ಗಂಗರಾಜ ನಂಬಲಿಲ್ಲ. ಕತ್ತಿ ಹಿರಿದೆದ್ದ. ಅಂತಃಪುರದವರು ಶತ್ರುಗಳ ಕೈಗೆ ಸಿಕ್ಕಬಾರದೆಂದು ಅವರನ್ನು ತಾನೇ ಕೊಂದು, ವೈರಿಗಳ ನಡುವೆ ನುಗ್ಗಿ ಹೋರಾಡಿ ಮಡಿದ. ಮಾವನ ಸೊಕ್ಕು ಇಳಿಸಬೇಕೆಂದಷ್ಟೇ ಬಂದಿದ್ದ ಅಳಿಯಂದಿರು ಈ ಅನಾಹುತ ಕಂಡು ದಿಗ್ಭ್ರಮೆಗೊಂಡು ಗಗನಚುಕ್ಕಿಗೆ ಹಾರಿದರು. ಅವರ ಹಿಂದೆಯೇ ಹೆಂಡತಿಯರೂ ಹಾರಿದರು. ಆಮೇಲೆ ಚನ್ನಪಟ್ಟಣದ ಜಗದೇವರಾಯ ಮತ್ತು ತಲಕಾಡಿನ ಶ್ರೀರಂಗರಾಜ ಬಂದು ಅಳಿದುಳಿದ ಜನರನ್ನೂ ಸಂಪತ್ತನ್ನೂ ಸಾಗಿಸಿಕೊಂಡು ಹೋದರು. ಪಟ್ಟಣ ಹಾಳುಬಿತ್ತು. ಮೈಸೂರಿನ ಹಳೆಯ ಗೆಜೆಟಿಯರಿನಲ್ಲಿಯೂ ಈ ಕಥೆ ದಾಖಲಾಗಿದೆ.

ಈಗ ಚರಿತ್ರೆ

ಯಳಂದೂರಿನಿಂದ ಪಶ್ಚಿಮಕ್ಕೆ, ಈಗಿನ ಚಾಮರಾಜನಗರ ತಾಲ್ಲೂಕಿನಲ್ಲಿ ಉಮ್ಮತ್ತೂರು ಎಂಬ ಊರಿದೆ. ಇಂದು ನೋಡಿದರೆ ಸಾಧಾರಣ ಹಳ್ಳಿ. ಆದರೆ 15ನೇ ಶತಮಾನದ ಕೊನೆಯ ಹೊತ್ತಿಗೆ ಇಲ್ಲಿನ ಪಾಳೆಯಗಾರರು ವಿಜಯನಗರದ ನಿದ್ದೆ ಕೆಡಿಸಿದ್ದರು. 'ಪೆಸಾಳಿ ಹನುಮ', 'ಜವಾದಿ ಕೋಲಾಹಲ' ಎಂಬ ಬಿರುದುಗಳನ್ನು ಶಾಸನಗಳಲ್ಲಿ ಹಾಕಿಸಿಕೊಂಡವರು ಅವರು. ತೆರಕಣಾಂಬಿಯ ಸೀಮೆ ಅವರ ಕೈಯಲ್ಲಿತ್ತು. ಶಿವನಸಮುದ್ರ ಅವರ ಭದ್ರವಾದ ನೆಲೆ.

ಅವರಿಗೆ ಬಲ ಬಂದದ್ದು ಈ ನೆಲದಿಂದಲೇ. ಭೂಪಟ ತೆಗೆದು ನೋಡಿ. ಕೊಳ್ಳೇಗಾಲದಿಂದ ಹನೂರು, ಕೌದಳ್ಳಿ ದಾಟಿ ಪಾಲಾರ್ ಹಳ್ಳದ ಗುಂಟ ಇಳಿದರೆ ತಮಿಳು ಸೀಮೆಯ ಕಾವೇರಿಪುರ. ಮೈಸೂರು ಪ್ರಸ್ಥಭೂಮಿಯಿಂದ ಕೊಂಗುನಾಡಿಗೆ ಇಳಿಯಲು ಇದ್ದ ಹಳೆಯ ಕಣಿವೆದಾರಿಗಳಲ್ಲಿ ಅದೂ ಒಂದು. ಎತ್ತಿನ ಹೇರು, ವ್ಯಾಪಾರಿಗಳು, ದಂಡು, ಎಲ್ಲವೂ ಇಂಥ ಘಟ್ಟಗಳಲ್ಲೇ ಓಡಾಡಬೇಕು. ಘಟ್ಟದ ಬಾಯಿ ಯಾರ ಕೈಯಲ್ಲಿದೆಯೋ ಸುಂಕ ಅವರದು. ಇಂದು ಅದೇ ಸೀಮೆಯಲ್ಲಿ ಮಾದಪ್ಪನ ಭಕ್ತರು 'ಉಘೇ ಉಘೇ' ಎನ್ನುತ್ತಾ ಮಲೆ ಮಹದೇಶ್ವರ ಬೆಟ್ಟಕ್ಕೆ ನಡೆದುಹೋಗುತ್ತಾರೆ.

1509ರಲ್ಲಿ ಕೃಷ್ಣದೇವರಾಯ ಪಟ್ಟಕ್ಕೆ ಬಂದ. ಉಮ್ಮತ್ತೂರಿನ ಗಂಗರಾಜ ಆಗಲೇ ತಿರುಗಿಬಿದ್ದಿದ್ದ. ರಾಯನ ಸೈನ್ಯ ಮೊದಲು ಶ್ರೀರಂಗಪಟ್ಟಣವನ್ನು ಹಿಡಿದು, ಆಮೇಲೆ ಶಿವನಸಮುದ್ರಕ್ಕೆ ಮುತ್ತಿಗೆ ಹಾಕಿತು. ಒಂದು ವರ್ಷಕ್ಕೂ ಹೆಚ್ಚು ಕಾಲ ಕೋಟೆ ತಡೆದು ನಿಂತಿತು ಎಂದು ಇತಿಹಾಸಕಾರರು ಬರೆಯುತ್ತಾರೆ. 1512ರ ಹೊತ್ತಿಗೆ ಕೋಟೆ ಬಿತ್ತು. ತಪ್ಪಿಸಿಕೊಳ್ಳಲು ಹೊರಟ ಗಂಗರಾಜ ಕಾವೇರಿಯಲ್ಲಿ ಮುಳುಗಿ ಸತ್ತ. ಈ ಸೀಮೆ ಶ್ರೀರಂಗಪಟ್ಟಣದಿಂದ ಆಳುವ ವಿಜಯನಗರದ ಪ್ರಾಂತ್ಯಕ್ಕೆ ಸೇರಿತು. ನೂರು ವರ್ಷದ ಮೇಲೆ, 1613ರಲ್ಲಿ, ಮೈಸೂರಿನ ರಾಜ ಒಡೆಯರು ಉಮ್ಮತ್ತೂರನ್ನು ಗೆದ್ದುಕೊಂಡರು.

ನೀರೇ ಕೋಟೆಯಾದಾಗ

ಕಲ್ಲಿನ ಕೋಟೆಯನ್ನು ಒಡೆಯಬಹುದು, ಏಣಿ ಹಾಕಿ ಹತ್ತಬಹುದು. ನೀರಿನ ಕೋಟೆಗೆ ಅದು ನಡೆಯುವುದಿಲ್ಲ. ಕೊಡಗಿನಲ್ಲಿ ಮಳೆ ಬಿದ್ದರೆ ಸಾಕು, ಶಿವನಸಮುದ್ರದ ಎರಡೂ ಕವಲು ತುಂಬಿ ಹರಿಯುತ್ತವೆ. ಆಗ ಹೊರಗಿನವರು ದಡದಲ್ಲಿ ಕೂತು ನೋಡಬೇಕಷ್ಟೆ. ಬೇಸಿಗೆಯಲ್ಲಿ ಬಂಡೆಗಳು ಮೇಲೇಳುತ್ತವೆ, ಹಾಯ್ಗಡ ಕಾಣುತ್ತದೆ. ಆ ಕೆಲವೇ ತಿಂಗಳಲ್ಲಿ ಗೆಲ್ಲಬೇಕು. ಇಲ್ಲವಾದರೆ ಇನ್ನೊಂದು ಮಳೆಗಾಲ ಕಾಯಬೇಕು.

ಪೋರ್ಚುಗೀಸ್ ಕುದುರೆ ವ್ಯಾಪಾರಿ ನೂನಿಜ್ ಕೃಷ್ಣದೇವರಾಯನ ಕಾಲದ ಇಂಥ ಒಂದು ಮುತ್ತಿಗೆಯ ವಿಷಯ ಬರೆದಿದ್ದಾನೆ. ಹೊಳೆ ಸುತ್ತುವರಿದ ಪಟ್ಟಣವೊಂದನ್ನು ಹಿಡಿಯಲಾಗದೆ, ರಾಯ ಆ ಹೊಳೆಯನ್ನೇ ಹಲವು ಕಾಲುವೆಗಳಾಗಿ ಒಡೆಸಿ, ನೀರು ಇಳಿಸಿ, ಸೈನ್ಯವನ್ನು ದಾಟಿಸಿದನಂತೆ. ಅವನು ಬರೆದ ಹೆಸರಿನ ಊರು ಯಾವುದೆಂಬುದರಲ್ಲಿ ವಿದ್ವಾಂಸರಿಗೆ ಒಮ್ಮತವಿಲ್ಲ. ನನಗಂತೂ ಅದನ್ನು ಓದಿದಾಗ ಶಿವನಸಮುದ್ರವೇ ಕಣ್ಣಮುಂದೆ ಬರುತ್ತದೆ.

ಇದೇ ಕಾವೇರಿಯ ಮೇಲೆ ಇನ್ನೊಂದು ನಡುಗಡ್ಡೆಯ ಕೋಟೆ ಬಿದ್ದ ದಿನ ನಿಮಗೆ ಪಾಠದಲ್ಲಿ ಬಂದಿರುತ್ತದೆ. ಶ್ರೀರಂಗಪಟ್ಟಣ, 1799ರ ಮೇ 4. ಇಂಗ್ಲಿಷರು ಮಳೆಗಾಲಕ್ಕೆ ಮುಂಚೆಯೇ ಮುಗಿಸಬೇಕೆಂದು ಆತುರಪಟ್ಟರು. ಬೇಸಿಗೆಯ ಬತ್ತಿದ ಹೊಳೆಯನ್ನು ದಾಟಿಯೇ ನುಗ್ಗಿದರು. ಅಲ್ಲಿಯೂ ಜನರ ಬಾಯಲ್ಲಿ ಒಬ್ಬ ದ್ರೋಹಿಯ ಹೆಸರಿದೆ, ಮೀರ್ ಸಾದಿಕ್. ಕೋಟೆ ಬಿದ್ದ ಕಡೆಯಲ್ಲೆಲ್ಲ ಜನ "ಒಳಗಿನವರೇ ಯಾರೋ ಬಾಗಿಲು ತೆಗೆದಿರಬೇಕು" ಎಂದುಕೊಳ್ಳುತ್ತಾರೆ. ಸೋಲಿನ ಸಂಕಟಕ್ಕೆ ಅದೊಂದು ಸಮಾಧಾನವಿದ್ದೀತು.

ತಾಳೆಯಾಗದ ಲೆಕ್ಕ

ಕಥೆಯಲ್ಲಿ ಮುತ್ತಿಗೆ ಹನ್ನೆರಡು ವರ್ಷ. ಚರಿತ್ರೆಯಲ್ಲಿ ಒಂದು ವರ್ಷ ಚಿಲ್ಲರೆ. ಕಥೆಯಲ್ಲಿ ಮುತ್ತಿದವರು ಅಳಿಯಂದಿರು, ಚರಿತ್ರೆಯಲ್ಲಿ ಚಕ್ರವರ್ತಿ. ಚನ್ನಪಟ್ಟಣದ ಜಗದೇವರಾಯ ಪ್ರಬಲನಾದದ್ದು 16ನೇ ಶತಮಾನದ ಕೊನೆಯ ಭಾಗದಲ್ಲಿ. 1512ರಲ್ಲಿ ಬಿದ್ದ ಕೋಟೆಯ ಸಂಪತ್ತನ್ನು ಅವನು ಒಯ್ಯುವುದು ಹೇಗೆ? ಬೇರೆ ಬೇರೆ ಕಾಲದ ನೆನಪುಗಳು ಒಂದೇ ಕಥೆಯೊಳಗೆ ಕಲೆತುಹೋಗಿವೆ.

ಹಾಗೆಂದು ಕಥೆಯನ್ನು ಸುಳ್ಳೆಂದು ತಳ್ಳಿಹಾಕಲು ನನಗೆ ಮನಸ್ಸಿಲ್ಲ. ಗಂಗರಾಜನ ಹೆಸರು ಎರಡರಲ್ಲಿಯೂ ಇದೆ. ಕೋಟೆ ಸುಲಭಕ್ಕೆ ಬೀಳಲಿಲ್ಲ ಎಂಬುದು ಎರಡರಲ್ಲಿಯೂ ಇದೆ. ಕೊನೆಗೆ ಎಲ್ಲರನ್ನೂ ನುಂಗಿದ್ದು ಕಾವೇರಿಯೇ ಎಂಬುದೂ ಎರಡರಲ್ಲಿಯೂ ಇದೆ. ಓದುಬರಹ ಬಾರದ ಜನ ಐನೂರು ವರ್ಷ ಇಷ್ಟನ್ನು ಕಾಪಾಡಿಕೊಂಡು ಬಂದಿದ್ದಾರೆ.

ನನ್ನ ಮೊಮ್ಮಗಳಿಗೆ ಈ ಕಥೆ ಹೇಳಿದಾಗ ಅವಳು ಚದುರಂಗದ ವಿಷಯವನ್ನೂ ಕೇಳಲಿಲ್ಲ, ದಳವಾಯಿಯ ವಿಷಯವನ್ನೂ ಕೇಳಲಿಲ್ಲ. "ತಾತ, ಆ ಇಬ್ಬರು ಹುಡುಗೀರ ಹೆಸರೇನು?" ಎಂದಳು. ಹೆಸರು ಕಥೆಯಲ್ಲಿ ಇಲ್ಲಮ್ಮ ಎಂದೆ. "ದಂಡು ಕಟ್ಟಿಕೊಂಡು ಬಂದೋರು ಗಂಡಂದಿರು, ಲಂಚ ತಗೊಂಡೋನು ದಳವಾಯಿ. ತಪ್ಪು ಮಾತ್ರ ಹೆಸರೇ ಇಲ್ಲದೋರದ್ದಾ?" ಎಂದು ಕೇಳಿದಳು.

ಅವಳ ಪ್ರಶ್ನೆ ನ್ಯಾಯವಾದದ್ದೇ. ಮನೆಯಲ್ಲಿ ಆಡಿದ ನಾಲ್ಕು ಮಾತಿಗೆ ಹನ್ನೆರಡು ವರ್ಷದ ಯುದ್ಧ ಹೂಡಿದವರನ್ನು ಕಥೆ ಮನ್ನಿಸುತ್ತದೆ, ಮಾತಾಡಿದವರನ್ನು ಮನ್ನಿಸುವುದಿಲ್ಲ. ಚರಿತ್ರೆಯಲ್ಲಿಯಾದರೋ ಈ ಯುದ್ಧಕ್ಕೆ ಕಾರಣ ಸುಂಕ, ಘಟ್ಟದ ದಾರಿ ಮತ್ತು ಅಧಿಕಾರ. ಹೆಣ್ಣುಮಕ್ಕಳ ಮಾತಿನ ಸುದ್ದಿಯೇ ಅಲ್ಲಿಲ್ಲ. ರಾಜಕೀಯದ ಜಗಳವನ್ನು ಜನ ತಮ್ಮ ಮನೆಯ ಜಗಳದಂತೆ ಮಾಡಿಕೊಂಡು ಹೇಳಿದ್ದಾರೆ, ಹೇಳುವಾಗ ಯಾರ ಮೇಲೆ ಹೊರೆ ಹೊರಿಸುವುದು ಸುಲಭವೋ ಅವರ ಮೇಲೆ ಹೊರಿಸಿದ್ದಾರೆ.

ಆ ದಿನ ನನಗೆ ನೆನಪಾದದ್ದು ಯಳಂದೂರು. ಕೊಳ್ಳೇಗಾಲಕ್ಕೆ ಹತ್ತಿರದ ಆ ಊರಿಗೆ ಹೋದವರು ಗೌರೀಶ್ವರ ದೇವಸ್ಥಾನದ ಬಳೆ ಮಂಟಪ ನೋಡದೆ ಬರುವುದಿಲ್ಲ. ಕಲ್ಲಿನಲ್ಲಿ ಕಡೆದ ಬಳೆಗಳು ಸರಪಳಿಯಂತೆ ತೂಗುವ ಸೊಗಸು ಅಲ್ಲಿದೆ. ಅದೇ ಯಳಂದೂರಿನ ಮಗಳು ಸಂಚಿ ಹೊನ್ನಮ್ಮ. ಚಿಕ್ಕದೇವರಾಜ ಒಡೆಯರ ಅರಮನೆಯಲ್ಲಿ ಎಲೆಯಡಿಕೆಯ ಸಂಚಿ ಹಿಡಿಯುವ ಊಳಿಗದವಳಾಗಿ ಸೇರಿ, 'ಹದಿಬದೆಯ ಧರ್ಮ'ವೆಂಬ ಸಾಂಗತ್ಯ ಕಾವ್ಯ ಬರೆದವಳು. ಗೃಹಿಣಿಯ ಧರ್ಮವನ್ನು ಹೇಳುವ ಕಾವ್ಯ ಅದು. ಅದರಲ್ಲಿಯೇ ಹೆಣ್ಣೆಂದು ಹೀಗಳೆಯುವವರನ್ನು ಆಕೆ ಗಟ್ಟಿಯಾಗಿ ಗದರಿಸಿದ್ದಾಳೆ. ಮುನ್ನೂರು ವರ್ಷದ ಹಿಂದೆಯೇ ಈ ಸೀಮೆಯ ಹೆಣ್ಣುಮಗಳೊಬ್ಬಳು ಕೇಳಿದ ಮಾತನ್ನೇ ನನ್ನ ಮೊಮ್ಮಗಳೂ ಕೇಳಿದಳು ಎನಿಸಿತು.

ಹೊಳೆ ಗಡಿಯಾಗಿದ್ದ ಕಾಲ

ಟಿಪ್ಪು ಸುಲ್ತಾನ್ ಮಡಿದ ಮೇಲೆ ಕೊಳ್ಳೇಗಾಲ ಇಂಗ್ಲಿಷರ ಪಾಲಾಗಿ, ಮದರಾಸು ಪ್ರಾಂತ್ಯದ ಕೊಯಮತ್ತೂರು ಜಿಲ್ಲೆಗೆ ಸೇರಿತು. ಹೊಳೆಯಾಚೆ ಮೈಸೂರು ಮಹಾರಾಜರ ಸೀಮೆ. 1902ರಲ್ಲಿ ದಿವಾನ್ ಶೇಷಾದ್ರಿ ಅಯ್ಯರ್ ಅವರ ಯೋಜನೆಯಂತೆ ಶಿವನಸಮುದ್ರದಲ್ಲಿ ಜಲವಿದ್ಯುತ್ ಕೇಂದ್ರ ಶುರುವಾಗಿ ದೂರದ ಕೋಲಾರದ ಚಿನ್ನದ ಗಣಿಗೆ ಕರೆಂಟು ಹೋಯಿತು. ಕೊಳ್ಳೇಗಾಲ ಮೈಸೂರು ರಾಜ್ಯಕ್ಕೆ ಬಂದದ್ದು 1956ರ ನವೆಂಬರ್ 1ರಂದು. ನಾನಾಗ ಸಣ್ಣ ಹುಡುಗ. ಆಮೇಲೂ ಎಷ್ಟೋ ವರ್ಷ ನಮ್ಮ ಹಿರಿಯರ ಬಾಯಲ್ಲಿ ಹೊಳೆಯಾಚೆ "ಮೈಸೂರು ಸೀಮೆ" ಎಂದೇ ಇತ್ತು.

ಹಾಳುಬಿದ್ದಿದ್ದ ನಡುಗಡ್ಡೆಗೆ ಮತ್ತೆ ಜೀವ ತಂದವರು ರಾಮಸ್ವಾಮಿ ಮೊದಲಿಯಾರ್. 19ನೇ ಶತಮಾನದ ಮೊದಲ ಭಾಗದಲ್ಲಿ ಅವರು ಕಾಡು ಕಡಿಸಿ, ದೇವಸ್ಥಾನ ದುರಸ್ತಿ ಮಾಡಿಸಿ, ಹೊಳೆಗೆ ಕಲ್ಲಿನ ಸೇತುವೆ ಕಟ್ಟಿಸಿದರು. ಸರ್ಕಾರ ಅವರಿಗೆ ಜಹಗೀರನ್ನೂ 'ಜನೋಪಕಾರ ಕಾಮಕರ್ತ' ಎಂಬ ಬಿರುದನ್ನೂ ಕೊಟ್ಟಿತು. ಹೊಳೆಯ ಬಂಡೆಗೆ ಕಲ್ಲುಕಂಬ ನೆಟ್ಟು, ಮೇಲೆ ಕಲ್ಲಿನ ತೊಲೆ ಹಾಸಿ ಕಟ್ಟಿದ ಆ ವೆಸ್ಲಿ ಸೇತುವೆಯ ಒಂದು ಭಾಗ 2018ರ ಪ್ರವಾಹದಲ್ಲಿ ಕುಸಿಯಿತು. ಉಳಿದದ್ದನ್ನಾದರೂ ಮಕ್ಕಳಿಗೆ ತೋರಿಸಿ.

ಹೋಗುವವರು ಮಧ್ಯರಂಗನೆಂದು ಹೆಸರಾದ ರಂಗನಾಥಸ್ವಾಮಿ, ಅಲ್ಲಿಯೇ ಇರುವ ಸೋಮೇಶ್ವರ, ಗಗನಚುಕ್ಕಿಯ ಹತ್ತಿರದ ದರ್ಗಾ, ಎಲ್ಲವನ್ನೂ ನೋಡಿ. ಮಳೆಗಾಲದ ಕೊನೆಗೆ ಹೋದರೆ ಜಲಪಾತ ಚೆನ್ನ. ನೀರಿಗೆ ಮಾತ್ರ ಇಳಿಯಬೇಡಿ. ಮೇಲೆ ಶಾಂತವಾಗಿ ಕಂಡರೂ ಒಳಗೆ ಸುಳಿಗಳಿವೆ, ಬಂಡೆ ಜಾರುತ್ತದೆ.

ಅಜ್ಜ ಅಜ್ಜಿಯರಲ್ಲಿ ಒಂದು ಮಾತು. ಈ ಕಥೆಯನ್ನು ಮೊಮ್ಮಕ್ಕಳಿಗೆ ತಪ್ಪದೆ ಹೇಳಿ, ಜೊತೆಗೆ ಚರಿತ್ರೆಯನ್ನೂ ಹೇಳಿ. ಅವರು ಎದುರು ಪ್ರಶ್ನೆ ಕೇಳಿದರೆ ಗದರಬೇಡಿ. ಹೆಸರಿಲ್ಲದ ಆ ಇಬ್ಬರು ಅಕ್ಕತಂಗಿಯರಿಗೆ ಒಂದೊಂದು ಹೆಸರಿಡುವ ಕೆಲಸವನ್ನು ಮಕ್ಕಳಿಗೇ ಬಿಡಿ. ನಮ್ಮ ಮನೆಯಲ್ಲಿ ಈಗಾಗಲೇ ಇಟ್ಟಾಗಿದೆ.