ಅರಸೀಕೆರೆಗೆ ಒಂದೂವರೆ ಟಿಕೆಟ್

ನಮ್ಮಪ್ಪನಿಗೆ ಉಗ್ಗು. ಅದರಲ್ಲೂ ‘ತ’ ಎದುರಾದರೆ ಮುಗಿಯಿತು, ನಾಲಿಗೆ ಹಲ್ಲಿಗೆ ಅಂಟಿಕೊಂಡುಬಿಡುತ್ತಿತ್ತು. ಕೆಲಸ ತುಮಕೂರಿನಲ್ಲಿ, ಊರು ತಿಪಟೂರು! ಬಸ್ಸಿನಲ್ಲಿ ಕಂಡಕ್ಟರು ‘ಎಲ್ಲಿಗೆ ಸ್ವಾಮಿ?’ ಅಂದರೆ ಅಪ್ಪ ಸಲೀಸಾಗಿ, ‘ಅರಸೀಕೆರೆಗೆ ಒಂದೂವರೆ’ ಎನ್ನುತ್ತಿದ್ದ. ಆ ಅರ್ಧ ನಾನು. ಇಳಿಯುತ್ತಿದ್ದುದು ಮಾತ್ರ ತಿಪಟೂರಿನಲ್ಲೇ. ಯಾಕಪ್ಪ ಎಂದು ಕೇಳಿದರೆ, ‘ಆ ಹೆಸರು ಚೆನ್ನಾಗಿದೆ ಕಣೋ’ ಅಂತಿದ್ದ.

ಕಾಲೇಜಿನಲ್ಲಿದ್ದಾಗ ‘ಎ ಫಿಶ್ ಕಾಲ್ಡ್ ವಾಂಡಾ’ ನೋಡಿದೆ. 1988ರ ಸಿನಿಮಾ. ಅದರಲ್ಲಿ ಕೆನ್ ಎಂಬ ಉಗ್ಗಿನವನಿಗೆ ಒಂದು ಹೋಟೆಲಿನ ಹೆಸರು ತುರ್ತಾಗಿ ಹೇಳಬೇಕಿದೆ, ‘ಕ’ ದಾಟುತ್ತಿಲ್ಲ. ಎಲ್ಲರ ಜೊತೆ ನಕ್ಕೆ. ಆಮೇಲೆ ಅಪ್ಪ ನೆನಪಾಗಿ ಆ ನಟನ ಮೇಲೆ ಸಿಟ್ಟು ಬಂತು. ಅವನ ಹೆಸರು ಮೈಕೇಲ್ ಪೇಲಿನ್, ಮಾಂಟಿ ಪೈಥಾನ್ ಎಂಬ ನಗೆತಂಡದವನು. ಅವನ ತಂದೆಗೂ ಉಗ್ಗಿತ್ತೆಂದು ತಿಳಿದದ್ದು ಎಷ್ಟೋ ವರ್ಷದ ಮೇಲೆ. ಉಗ್ಗುವ ಮಕ್ಕಳಿಗಾಗಿ ಲಂಡನ್ನಿನಲ್ಲಿ 1993ರಲ್ಲಿ ಶುರುವಾದ ಕೇಂದ್ರಕ್ಕೆ ಅವನದೇ ಹೆಸರಿದೆ. ಸಿಟ್ಟು ವಾಪಸ್ಸು ತೆಗೆದುಕೊಂಡೆ.

ಅದೇ 1988ರ ಸೆಪ್ಟೆಂಬರಿನಲ್ಲಿ ಪೇಲಿನ್ ಬಿಬಿಸಿಗಾಗಿ ಲೋಕ ಸುತ್ತಲು ಹೊರಟ. ಜೂಲ್ಸ್ ವರ್ನ್‌ನ ಕಾದಂಬರಿಯಂತೆ ಎಂಬತ್ತು ದಿನ, ವಿಮಾನ ಹತ್ತುವಂತಿಲ್ಲ. ಬೇರೆಯವರು ಒಲ್ಲೆ ಎಂದ ಮೇಲೆ ಇವನ ಪಾಲಿಗೆ ಬಂದ ಕೆಲಸವದು. 79 ದಿನದಲ್ಲಿ ಮುಗಿಸಿದ. ಅಲ್ಲಿಂದ ಧ್ರುವದಿಂದ ಧ್ರುವಕ್ಕೆ, ಸಹಾರಾ, ಹಿಮಾಲಯ ಅಂತ ನಟನಿಗೆ ತಿರುಗಾಟವೇ ಕಸುಬಾಯಿತು. 2009ರಲ್ಲಿ ರಾಯಲ್ ಜಿಯಾಗ್ರಫಿಕಲ್ ಸೊಸೈಟಿಯ ಅಧ್ಯಕ್ಷನೂ ಆದ.

ನಿವೃತ್ತನಾದ ಅಪ್ಪನಿಗೆ ಆ ಮೊದಲ ಸರಣಿ ತೋರಿಸಿದೆ. ದುಬೈನಿಂದ ಬೊಂಬಾಯಿಗೆ ಒಂದು ವಾರ ಮರದ ಹಡಗಿನ ಪಯಣ. ಮಂಗಳೂರಿನವರು ಮಂಜಿ ಅಂತಾರಲ್ಲ, ಅಂಥದ್ದು. ಅದರಲ್ಲಿರುವವರು ಗುಜರಾತಿ ನಾವಿಕರು. ಒಬ್ಬರ ಮಾತು ಇನ್ನೊಬ್ಬರಿಗೆ ಅಷ್ಟಕ್ಕಷ್ಟೆ. ಪೇಲಿನ್ ತನ್ನ ವಾಕ್‌ಮನ್ ಅನ್ನು ಮುದುಕನೊಬ್ಬನ ಕಿವಿಗಿಟ್ಟು ಬ್ರೂಸ್ ಸ್ಪ್ರಿಂಗ್‌ಸ್ಟೀನನ ಅಬ್ಬರದ ಹಾಡು ಹಾಕುತ್ತಾನೆ. ಹಾಕಿ, ಸುಮ್ಮನೆ ಆ ಮುಖ ನೋಡುತ್ತ ಕೂರುತ್ತಾನೆ.

ಅಪ್ಪ ತೀರ್ಪು ಕೊಟ್ಟ: ‘ಇವನಿಗೆ ಕಾಯೋದು ಗೊ... ಗೊತ್ತು.’

ಉಗ್ಗುವವರ ಮನೆಯಲ್ಲಿ ಬೆಳೆದವರು ಕಲಿಯುವ ಮೊದಲ ಪಾಠವೇ ಅದು. ಎದುರಿನವರ ಮಾತು ಅವರ ಬಾಯಲ್ಲೇ ಮುಗಿಯಬೇಕು, ನಾವು ನುಗ್ಗಿ ಮುಗಿಸಬಾರದು. ಊರೂರು ಸುತ್ತಿ ಜನರನ್ನು ಮಾತಾಡಿಸುವವನಿಗೆ ಇದಕ್ಕಿಂತ ದೊಡ್ಡ ಬಂಡವಾಳ ಯಾವುದು? ಪೇಲಿನ್ ಅದನ್ನು ತಂದೆಯಿಂದಲೇ ಪಡೆದನೆಂದು ನಾನು ನಂಬಿದ್ದೇನೆ.

ಈ ಪಾಠ ಗೊತ್ತಿಲ್ಲದ ಕಂಡಕ್ಟರೊಬ್ಬನಿದ್ದ, ಪಾಪ, ಒಳ್ಳೆಯವನೇ. ನಾವು ಇಳಿಯುವ ಜಾಗವನ್ನು ಅವನು ಗಮನಿಸಿದ್ದ. ಒಂದು ದಿನ ಅಪ್ಪ ಬಾಯಿ ತೆರೆಯುವ ಮೊದಲೇ, ‘ತಿಪಟೂರು ತಾನೇ ಸಾರ್? ಸುಮ್ಮನೆ ಯಾಕೆ ಜಾಸ್ತಿ ದುಡ್ಡು ಕೊಡ್ತೀರಿ?’ ಎಂದು ಟಿಕೆಟ್ ಹರಿದೇಬಿಟ್ಟ.

ಅಪ್ಪ ಅದನ್ನು ಮುಟ್ಟಲಿಲ್ಲ. ಕಿಟಕಿಯ ಕಡೆ ನೋಡುತ್ತ, ಒಂದಕ್ಷರವೂ ಎಡವದೆ ಹೇಳಿದ:

‘ಅಲ್ಲ. ಅರಸೀಕೆರೆ.’