ನಾಲ್ಕು ಊರು, ನಾಲ್ಕು ಗಾಲಿ

ಬೇಸಿಗೆ ರಜೆ ಬಂತೆಂದರೆ ನಮ್ಮಂಥ ಗೃಹಿಣಿಯರಿಗೆ ಎರಡು ಚಿಂತೆ. ಹಪ್ಪಳ ಸಂಡಿಗೆ ಒಣಗಿಸುವುದು ಒಂದು, ಮಕ್ಕಳನ್ನು ಎಲ್ಲಿಗಾದರೂ ಕರೆದುಕೊಂಡು ಹೋಗುವುದು ಇನ್ನೊಂದು. ಊಟಿ, ಮೈಸೂರು ಅಂತ ಹೊರಟರೆ ಖರ್ಚು ಕೈ ಮೀರುತ್ತದೆ. ಅದಕ್ಕೇ ಸೋದರಿಯರೇ, ಈ ಸಲ ನಮ್ಮ ಕೊಪ್ಪಳ ಜಿಲ್ಲೆಯನ್ನೇ ಒಂದು ಸುತ್ತು ಹಾಕಿ ಬನ್ನಿ ಎನ್ನುತ್ತೇನೆ. ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ, ಮತ್ತೆ ಕೊಪ್ಪಳ. ಎಲ್ಲ ಸೇರಿ ಸುಮಾರು 200 ಕಿಲೋಮೀಟರು. ಬುತ್ತಿ ಕಟ್ಟಿಕೊಂಡು ನಸುಕಿನಲ್ಲಿ ಹೊರಟರೆ ದೀಪ ಹಚ್ಚುವ ಹೊತ್ತಿಗೆ ಮನೆ ಸೇರಬಹುದು.

ಊರುಗಳ ಮಾತಿನ ಜೊತೆಗೇ ಇನ್ನೊಂದು ಮಾತನ್ನೂ ಹೇಳಲೇಬೇಕು. ಅದು ಗಾಲಿಯ ಗಾಳಿಯ ಮಾತು. ಈಗ ಸಣ್ಣ ಊರುಗಳಲ್ಲೂ ಎಷ್ಟೋ ಮನೆಯ ಮುಂದೆ ಎತ್ತರದ ಎಸ್‌ಯುವಿ ಗಾಡಿ ನಿಂತಿರುತ್ತದೆ. ಅವುಗಳಲ್ಲಿ ಟೈರಿನ ಗಾಳಿ ಕಡಿಮೆಯಾದರೆ ತಾನೇ ಹೇಳುವ ಸೆನ್ಸರ್ ಎಂಬ ಪುಟ್ಟ ಯಂತ್ರ ಇರುತ್ತದೆ. "ಅದೆಲ್ಲ ಗಂಡಸರ ವಿಷಯ ಬಿಡ್ರಿ" ಎನ್ನಬೇಡಿ. ಆ ಗಾಡಿಯ ಹಿಂದಿನ ಸೀಟಿನಲ್ಲಿ ಕೂರುವವರು ನಾವು, ನಮ್ಮ ಮಕ್ಕಳು, ವಯಸ್ಸಾದ ಅತ್ತೆ ಮಾವ. ಕುಕ್ಕರಿನ ಸೀಟಿ ಕೂಗದಿದ್ದರೆ ಏನೋ ಎಡವಟ್ಟಾಗಿದೆ ಎಂದು ಹಾಲಿನಲ್ಲಿ ಕೂತೇ ತಿಳಿಯುವ ನಮಗೆ ಇದೇನು ದೊಡ್ಡದಲ್ಲ.

ಕೊಪ್ಪಳ: ತಣ್ಣಗಿದ್ದಾಗಲೇ ನೋಡಿ

ಕೊಪ್ಪಳ 1997ರಲ್ಲಿ ರಾಯಚೂರಿನಿಂದ ಬೇರೆಯಾಗಿ ಜಿಲ್ಲೆಯಾಯಿತು. ಊರು ಮಾತ್ರ ಬಹಳ ಹಳೆಯದು. ಗವಿಮಠದ ಬೆಟ್ಟದಲ್ಲಿ ಮತ್ತು ಪಾಲ್ಕಿಗುಂಡಿನಲ್ಲಿ ಅಶೋಕ ಚಕ್ರವರ್ತಿಯ ಶಾಸನಗಳಿವೆ. ಎರಡು ಸಾವಿರ ವರ್ಷಕ್ಕೂ ಹಿಂದಿನ ಅಕ್ಷರ ನಮ್ಮ ಊರಿನ ಬಂಡೆಯ ಮೇಲಿದೆ ಎಂದು ಮಕ್ಕಳಿಗೆ ತೋರಿಸಿ. ಕೋಟೆಯನ್ನು ಬಿಸಿಲೇರುವ ಮುಂಚೆ ಹತ್ತಿ ಇಳಿಯಿರಿ. ಸಮೀಪದ ಕಿನ್ನಾಳಕ್ಕೆ ಹೋದರೆ ಹಗುರ ಮರದ ಬಣ್ಣದ ಗೊಂಬೆಗಳು ಸಿಗುತ್ತವೆ. ದಸರೆಯ ಗೊಂಬೆ ಸಾಲಿಗೆ ಒಂದು ಜೋಡಿ ತಂದಿಟ್ಟುಕೊಳ್ಳಿ.

ಹೊರಡುವ ಮುಂಚೆ ಅಂಗಳದಲ್ಲೇ ಒಂದು ಕೆಲಸ ಮುಗಿಸಬೇಕು. ಟೈರಿನ ಗಾಳಿಯನ್ನು ಗಾಡಿ ತಣ್ಣಗಿದ್ದಾಗ, ಅಂದರೆ ಕಡಿಮೆಯೆಂದರೂ ಮೂರು ತಾಸು ನಿಂತ ಮೇಲೆ ಅಳೆಯಬೇಕು. ಎಷ್ಟಿರಬೇಕು ಎಂಬುದು ಡ್ರೈವರ್ ಬಾಗಿಲು ತೆರೆದರೆ ಕಂಬಕ್ಕೆ ಅಂಟಿಸಿದ ಚೀಟಿಯಲ್ಲಿದೆ. ಜನ ಹೆಚ್ಚು, ಸಾಮಾನು ಹೆಚ್ಚು ಇದ್ದರೆ ಬೇರೆ ಲೆಕ್ಕ. ಅದೂ ಅಲ್ಲೇ ಇರುತ್ತದೆ. ನಮ್ಮ ಗಾಡಿಗೆ 33 ಪಿ.ಎಸ್.ಐ. ಟೈರಿನ ಅಂಗಡಿಯ ಹುಡುಗರ ಬಾಯಲ್ಲಿ ಇದು 33 ಪಾಯಿಂಟು. ಅಳೆಯುವ ಗೇಜು ಪೆನ್ನಿನಷ್ಟು ಚಿಕ್ಕದೂ ಸಿಗುತ್ತದೆ. ವ್ಯಾನಿಟಿ ಬ್ಯಾಗಿನಲ್ಲಿ ಹಿಡಿಸುತ್ತದೆ.

ಗಂಗಾವತಿ: ಬಿಸಿಲಿಗೆ ಗಾಳಿ ಹಿಗ್ಗುತ್ತದೆ

ಗಂಗಾವತಿ ಕಡೆ ತಿರುಗಿದ ಮೇಲೆ ನೋಟವೇ ಬೇರೆ. 1953ರಲ್ಲಿ ಮುಗಿದ ತುಂಗಭದ್ರಾ ಅಣೆಕಟ್ಟಿನ ಎಡದಂಡೆ ಕಾಲುವೆ ಈ ಸೀಮೆಯನ್ನು ಭತ್ತದ ಕಣಜ ಮಾಡಿದೆ. ಕೊಯ್ಲಿನ ಕಾಲದಲ್ಲಿ ರಸ್ತೆ ತುಂಬ ಟ್ರ್ಯಾಕ್ಟರು, ಲಾರಿ, ಅಕ್ಕಿ ಗಿರಣಿಗಳ ಸದ್ದು. ನಾವು ತಿನ್ನುವ ಸೋನಾ ಮಸೂರಿಯ ಊರು ಇದೇ. ಮುಂಜಾನೆಯ ತಿಂಡಿಗೆ ಇಲ್ಲಿ ಮಂಡಾಳ ಒಗ್ಗರಣೆ, ಮಿರ್ಚಿ ತಪ್ಪಿಸಬೇಡಿ. ಅದು ಕರಗುವ ಮಟ್ಟಿಗಾದರೂ ಅಂಜನಾದ್ರಿ ಬೆಟ್ಟದ 575 ಮೆಟ್ಟಿಲು ಹತ್ತಿ! ಮೇಲಿನಿಂದ ತುಂಗಭದ್ರೆ, ಬಂಡೆಗಳ ರಾಶಿ, ನಡುವೆ ಭತ್ತದ ಹಸಿರು, ಆಚೆ ಹಂಪಿ. ಕೆಳಗೆ ಪಂಪಾ ಸರೋವರ, ಆನೆಗುಂದಿ ಎರಡೂ ಹತ್ತಿರದಲ್ಲೇ ಇವೆ.

ಬೆಟ್ಟ ಇಳಿದು ಬರುವಾಗ ಹೊತ್ತು ಹತ್ತು ಗಂಟೆ ದಾಟಿತ್ತು, ರಸ್ತೆ ಕಾದ ಹೆಂಚಿನಂತಾಗಿತ್ತು. ಗಾಡಿಯ ಪರದೆಯಲ್ಲಿ 33 ಇದ್ದದ್ದು 38 ಆಗಿತ್ತು. ಕೆಲವರು ಇದನ್ನು ಕಂಡು ಗಾಬರಿಯಾಗಿ ಗಾಳಿ ಬಿಡಿಸುತ್ತಾರೆ. ಹಾಗೆ ಮಾಡಬಾರದು. ಟೈರಿನ ಬಿಸಿ 10 ಡಿಗ್ರಿ ಏರಿದರೆ ಒಳಗಿನ ಒತ್ತಡ ಒಂದೂವರೆಯಿಂದ ಎರಡು ಪಾಯಿಂಟಿನಷ್ಟು ಏರುತ್ತದೆ. ಬೆಳಗಿನ ಲೆಕ್ಕ ಸರಿಯಿದ್ದರೆ ಈ ಏರಿಕೆ ಸಹಜ. ಬಿಸಿಯಲ್ಲಿ ಗಾಳಿ ಬಿಟ್ಟರೆ ರಾತ್ರಿ ತಣ್ಣಗಾದಾಗ ಟೈರು ಸೊರಗುತ್ತದೆ.

ನಿಜವಾದ ಅಪಾಯ ಗಾಳಿ ಕಡಿಮೆಯಾದಾಗ. ಮೆತ್ತಗಾದ ಟೈರಿನ ಪಕ್ಕೆ ಪ್ರತಿ ಸುತ್ತಿಗೂ ಮಡಚಿ ಬಿಚ್ಚಿ ಕಾವೇರುತ್ತದೆ. ವೇಗ, ಬಿಸಿಲು, ಭಾರ ಮೂರೂ ಕೂಡಿದರೆ ಸಿಡಿಯುತ್ತದೆ. ಅಮೆರಿಕದಲ್ಲಿ ಎಸ್‌ಯುವಿ ಗಾಡಿಗಳ ಟೈರು ಕಳಚಿ, ಗಾಡಿ ಪಲ್ಟಿಯಾಗಿ ಬಹಳ ಜನ ಸತ್ತ ಮೇಲೆ 2000ದಲ್ಲಿ ಕಾನೂನು ಬಂತು. 2007ರ ಹೊತ್ತಿಗೆ ಅಲ್ಲಿಯ ಹೊಸ ಕಾರುಗಳಿಗೆಲ್ಲ ಈ ಎಚ್ಚರಿಕೆ ದೀಪ ಕಡ್ಡಾಯವಾಯಿತು. ನಮ್ಮ ದೇಶದಲ್ಲಿ 2020ರಲ್ಲಿ ನಿಯಮ ತಿದ್ದಿದರು. ಟ್ಯೂಬ್‌ಲೆಸ್ ಟೈರು, ಈ ಎಚ್ಚರಿಕೆ ವ್ಯವಸ್ಥೆ, ಪಂಚರ್ ಕಿಟ್ಟು ಮೂರೂ ಇರುವ ಚಿಕ್ಕ ಗಾಡಿಗಳಿಗೆ ಸ್ಟೆಪ್ನಿ ಇರಲೇಬೇಕೆಂದಿಲ್ಲ. ಸ್ಟೆಪ್ನಿ ಇಲ್ಲದ ಗಾಡಿಯಲ್ಲಿ ಆ ದೀಪ ಸುಳ್ಳು ಹೇಳಿದರೆ ಗತಿ ಏನು, ನೀವೇ ಯೋಚಿಸಿ.

ಕುಷ್ಟಗಿ: ಪರದೆ ಒಂದು ಹೇಳಿತು, ಗೇಜು ಇನ್ನೊಂದು

ಗಂಗಾವತಿಯಿಂದ ಕನಕಗಿರಿ, ತಾವರಗೇರಾ ಮೇಲೆ ಕುಷ್ಟಗಿಗೆ ಹೋಗಿ. ಕಾಲಿದ್ದವರು ಹಂಪಿ ನೋಡಬೇಕು, ಕಣ್ಣಿದ್ದವರು ಕನಕಗಿರಿ ನೋಡಬೇಕು ಎಂದು ನಮ್ಮ ಕಡೆ ಹಿರಿಯರು ಸುಮ್ಮನೆ ಹೇಳಿಲ್ಲ. ಕನಕಾಚಲಪತಿ ಗುಡಿಯ ಕಂಬಗಳನ್ನು ನೋಡುತ್ತ ನಮ್ಮ ಅತ್ತೆಯವರು ಊಟವನ್ನೇ ಮರೆತರು. ಗಾಡಿಯನ್ನು ಬಯಲಿನಲ್ಲಿ ಜಾಲಿ ಗಿಡದ ನೆರಳಿಗೆ ನಿಲ್ಲಿಸಿದ್ದೆವು. ಬಳ್ಳಾರಿ ಜಾಲಿಯ ಮುಳ್ಳು ಎಂಥದು ನಿಮಗೆ ಗೊತ್ತೇ ಇದೆ. ಚಪ್ಪಲಿ ದಾಟಿ ಕಾಲಿಗೆ ಇಳಿಯುತ್ತದೆ. ಟೈರಿಗೆ ಚುಚ್ಚಿದರೆ ಠುಸ್ಸೆನ್ನುವುದಿಲ್ಲ. ಸದ್ದಿಲ್ಲದೆ ಹನಿ ಹನಿಯಾಗಿ ಗಾಳಿ ಇಳಿಯುತ್ತದೆ.

ಕುಷ್ಟಗಿ ಸಮೀಪಿಸುವಾಗ ಹಳದಿ ದೀಪ ಹತ್ತಿತು. ಕುದುರೆ ಲಾಳದಂಥ ಗೆರೆ, ನಡುವೆ ಉದ್ಗಾರ ಚಿಹ್ನೆ. ಪರದೆಯಲ್ಲಿ ಮುಂದಿನ ಎಡಗಾಲಿ 24 ಎಂದು ತೋರಿಸಿತು. ಮುಂದೆ ಸೊಲ್ಲಾಪುರ ಚಿತ್ರದುರ್ಗದ ಹೆದ್ದಾರಿ, ಗಾಡಿಗಳು ಬಾಣದಂತೆ ಹೋಗುವ ಜಾಗ. ನಮ್ಮ ಯಜಮಾನರು ವೇಗ ಇಳಿಸಿ, ಜಗ್ಗನೆ ಬ್ರೇಕ್ ಒತ್ತದೆ, ಊರಿನ ಟೈರಿನ ಅಂಗಡಿಗೆ ಮೆಲ್ಲಗೆ ತಂದರು. ದೀಪ ಹತ್ತಿದಾಗ ಮಾಡಬೇಕಾದ್ದು ಇಷ್ಟೇ.

ಅಂಗಡಿಯ ಹುಡುಗ ಜಾಣ. ಗಾಳಿ ತುಂಬುವ ಮುಂಚೆ ಗೇಜು ಹಚ್ಚಿದ. "ಅಕ್ಕಾರ, ಈ ಗಾಲ್ಯಾಗ ಹವಾ ಭರ್ತಿ ಐತ್ರಿ, 38 ಐತಿ" ಎಂದ. ನಾಲ್ಕನ್ನೂ ನೋಡು ಎಂದೆ. ಹಿಂದಿನ ಬಲಗಾಲಿಯಲ್ಲಿ 24! ಮುಳ್ಳು ಇದ್ದದ್ದು ಅಲ್ಲಿ. ಅದೂ ಬಿಸಿ ಟೈರಿನ 24. ತಣ್ಣಗಾಗಿದ್ದರೆ ಇಪ್ಪತ್ತರ ಹತ್ತಿರ ಇರುತ್ತಿತ್ತು. ಪರದೆಯ ಮಾತು ನಂಬಿ ತುಂಬಿದ್ದರೆ ಮುಂದಿನ ಗಾಲಿ ಉಬ್ಬಿ, ಹಿಂದಿನ ಗಾಲಿ ಸೊರಗಿ, ಮೇಲೆ ನಮ್ಮ ಅತ್ತೆಯವರೂ ಮಕ್ಕಳೂ ಕೂತು ಹೆದ್ದಾರಿ ಹತ್ತುತ್ತಿದ್ದೆವು. ನೆನೆದರೆ ಈಗಲೂ ಮೈ ಜುಂ ಎನ್ನುತ್ತದೆ.

ಹೀಗೇಕಾಯಿತು? ವಾರದ ಹಿಂದೆ ಒಂದು ಅಂಗಡಿಯಲ್ಲಿ ಟೈರು ಸಮನಾಗಿ ಸವೆಯಲೆಂದು ಗಾಲಿಗಳನ್ನು ಹಿಂದೆ ಮುಂದೆ, ಎಡ ಬಲ ಬದಲಿಸಿದ್ದರು. ಬದಲಿಸಿದ್ದು ಸರಿಯೇ. ಆದರೆ ಒಳಗಿನ ಸೆನ್ಸರ್‌ಗಳ ಹೊಸ ಜಾಗವನ್ನು ಗಾಡಿಗೆ ಕಲಿಸಿರಲಿಲ್ಲ. ಪ್ರತಿ ಸೆನ್ಸರ್‌ಗೂ ರೇಷನ್ ಕಾರ್ಡಿನ ಹಾಗೆ ತನ್ನದೇ ನಂಬರು ಇರುತ್ತದೆ. ಅದು ರೇಡಿಯೋ ಅಲೆಯಲ್ಲಿ ನಂಬರನ್ನೂ ಗಾಳಿಯ ಲೆಕ್ಕವನ್ನೂ ಕಳಿಸುತ್ತದೆ. ಯಾವ ನಂಬರು ಯಾವ ಮೂಲೆಯಲ್ಲಿದೆ ಎಂದು ಹೇಳಿಕೊಡದಿದ್ದರೆ ಎಷ್ಟೋ ಗಾಡಿಗಳು ಹಳೆಯ ಜಾಗವನ್ನೇ ತೋರಿಸುತ್ತವೆ. ಮನೆ ಬದಲಿಸಿದವರ ಕಾಗದ ಹಳೆಯ ವಿಳಾಸಕ್ಕೆ ಹೋದ ಹಾಗೆ!

ಯಲಬುರ್ಗಾ: ಕರಿ ನೆಲದ ಹಾದಿ

ಪಂಚರ್ ಹಾಕಿಸಿಕೊಂಡು ಯಲಬುರ್ಗಾ ದಾರಿ ಹಿಡಿದೆವು. ಇಲ್ಲಿ ಎರೆ ಭೂಮಿ, ಜೋಳ ಕಡಲೆಯ ಸೀಮೆ. ಊರಿಗೆ ಹಿಂದೆ ಎರಂಬರಗೆ ಎಂದು ಹೆಸರು, ಸಿಂದ ಅರಸರ ರಾಜಧಾನಿ. ಹಿಂದೆ ಇದೇ ತಾಲೂಕಿಗೆ ಸೇರಿದ್ದ ಕುಕನೂರಿನಲ್ಲಿ ರಾಷ್ಟ್ರಕೂಟರ ಕಾಲದ ನವಲಿಂಗ ಗುಡಿ, ಮಹಾಮಾಯೆಯ ಗುಡಿ ಇವೆ. ಅಲ್ಲಿಂದ ಇಟಗಿಗೆ ಹೋಗದೆ ಬರಬೇಡಿ. 1112ರಲ್ಲಿ ಚಾಲುಕ್ಯ ಆರನೇ ವಿಕ್ರಮಾದಿತ್ಯನ ದಂಡನಾಯಕ ಮಹಾದೇವ ಕಟ್ಟಿಸಿದ ಗುಡಿಯನ್ನು ಶಾಸನವೇ ದೇವಾಲಯ ಚಕ್ರವರ್ತಿ ಎಂದು ಕರೆದಿದೆ. ಸಂಜೆ ಬಿಸಿಲಿನಲ್ಲಿ ಆ ಕಲ್ಲಿನ ಕೆತ್ತನೆ ನೋಡುತ್ತ ಪುಷ್ಕರಣಿಯ ಮೆಟ್ಟಿಲ ಮೇಲೆ ಕೂತು ಖಡಕ್ ರೊಟ್ಟಿ, ಶೇಂಗಾ ಚಟ್ನಿ ತಿಂದದ್ದು ದಿನದ ಆಯಾಸವನ್ನೆಲ್ಲ ಕಳೆಯಿತು. ತಿಂದ ಮೇಲೆ ಕಾಗದ, ಚೀಲ ಅಲ್ಲಿ ಬಿಡಬೇಡಿ.

ಮಳೆಗಾಲದಲ್ಲಿ ಈ ಕಡೆ ಹೊಲದ ದಾರಿಗೆ ಇಳಿದರೆ ಕರಿ ಮಣ್ಣು ಗಾಲಿಗೆ ರೊಟ್ಟಿಯಂತೆ ಅಂಟುತ್ತದೆ. ಮನೆಗೆ ಬಂದು ತೊಳೆಯುವಾಗ ಗಾಳಿ ತುಂಬುವ ವಾಲ್ವಿನ ಮುಚ್ಚಳ ಇದೆಯೇ ನೋಡಿ. ಮುಚ್ಚಳವಿಲ್ಲದಿದ್ದರೆ ಮಣ್ಣು ಹೊಕ್ಕು ಗಾಳಿ ಸೋರುತ್ತದೆ.

ಮನೆಯಂಗಳದಲ್ಲಿ ಪಾಠ

ಈಗ ಗಾಡಿಗೆ ಕಲಿಸುವ ಕ್ರಮ. ಮೊದಲು ನಿಮ್ಮ ಗಾಡಿಯದು ಯಾವ ಬಗೆ ಎಂದು ಕೈಪಿಡಿಯಲ್ಲಿ ನೋಡಿಕೊಳ್ಳಿ.

ಒಂದನೆಯದು, ಹೊರಗಿನ ಮುಚ್ಚಳದ ಬಗೆ. ಹಳೆಯ ಗಾಡಿಗೆ ನಾವೇ ಕೊಂಡು ಹಾಕಿಸುವುದು ಇದನ್ನೇ. ವಾಲ್ವಿನ ಮೇಲೆ ತಿರುಗಿಸುವ ನಾಲ್ಕು ಮುಚ್ಚಳ, ಮುಂದೆ ಇಡುವ ಒಂದು ಪುಟ್ಟ ಪರದೆ. ಇದು ಬಹಳ ಸುಲಭ. ಮುಚ್ಚಳಗಳ ಮೇಲೆ ಯಾವ ಮೂಲೆಯದು ಎಂದು ಸಾಮಾನ್ಯವಾಗಿ ಗುರುತಿರುತ್ತದೆ. ಗಾಲಿ ಬದಲಿಸಿದಾಗ ಮುಚ್ಚಳ ಬಿಚ್ಚಿ ಅದರ ಹಳೆಯ ಮೂಲೆಗೇ ಹಾಕಿದರೆ ಆಯ್ತು, ಮತ್ತೆ ಕಲಿಸುವ ಕೆಲಸವೇ ಇಲ್ಲ. ಹೊಸ ಮುಚ್ಚಳ ತಂದರೆ ಪರದೆಯ ಗುಂಡಿ ಒತ್ತಿ ಹಿಡಿದು ಕಲಿಯುವ ಸ್ಥಿತಿಗೆ ತಂದು, ಮೂಲೆ ಆರಿಸಿ, ಮುಚ್ಚಳ ತಿರುಗಿಸಿ. ಕೀಂ ಎಂದರೆ ಕಲಿತಿತು. ಇದರ ಸೆಲ್ಲನ್ನು ಮನೆಯಲ್ಲೇ ಬದಲಿಸಬಹುದು.

ಎರಡನೆಯದು, ಒಳಗಿನ ಸೆನ್ಸರ್. ನಮ್ಮದು ಇದೇ. ಕೆಲವು ಗಾಡಿ ಹತ್ತಿಪ್ಪತ್ತು ನಿಮಿಷ ಓಡಿಸಿದರೆ ತಾವೇ ಕಲಿಯುತ್ತವೆ. ಕೆಲವಕ್ಕೆ ಪರದೆಯಲ್ಲಿ ಕಲಿಕೆಯನ್ನು ಆರಿಸಿ, ರಿಮೋಟಿನಂಥ ಒಂದು ಚಿಕ್ಕ ಸಾಧನವನ್ನು ಪ್ರತಿ ವಾಲ್ವಿನ ಹತ್ತಿರ ಹಿಡಿದು ಒತ್ತಬೇಕು. ಮಲಗಿದ ಸೆನ್ಸರ್ ಎದ್ದು ತನ್ನ ನಂಬರು ಹೇಳುತ್ತದೆ, ಹಾರನ್ ಒಮ್ಮೆ ಕೂಗುತ್ತದೆ. ನಮ್ಮ ಗಾಡಿಯ ಕ್ರಮ ಹೀಗೆ: ಮುಂದಿನ ಎಡ, ಮುಂದಿನ ಬಲ, ಹಿಂದಿನ ಬಲ, ಹಿಂದಿನ ಎಡ. ಗುಡಿಗೆ ಪ್ರದಕ್ಷಿಣೆ ಹಾಕಿದ ಹಾಗೆ! ಮೈದುನ ಸಾಧನ ತಂದುಕೊಟ್ಟರು, ನಾನು ಸುತ್ತು ಹಾಕಿದೆ. ಮಗಳು ಒಳಗೆ ಕೂತು ಪರದೆ ನೋಡಿ ಹೇಳಿದಳು. ಹತ್ತು ನಿಮಿಷದಲ್ಲಿ ಮುಗಿಯಿತು. ಇಂಥದೇ ಸೆನ್ಸರ್ ಇರುವ ಬೇರೆ ಗಾಡಿ ಪಕ್ಕದಲ್ಲಿ ನಿಂತಿದ್ದರೆ ಆಚೆ ಕಳಿಸಿ, ಅದರ ನಂಬರು ನುಸುಳೀತು. ಇನ್ನು ಕೆಲವು ಗಾಡಿಗೆ ಕಂಪ್ಯೂಟರ್ ಜೋಡಿಸುವ ಸಾಧನವೇ ಬೇಕು. ಅಂಥದನ್ನು ಕಂಪನಿಯ ಸರ್ವಿಸ್ ಕೇಂದ್ರದಲ್ಲಿ ಕೇಳಿ ಮಾಡಿಸಿ.

ಮೂರನೆಯದು, ಸೆನ್ಸರ್ ಇಲ್ಲದೆ ಗಾಲಿಯ ತಿರುಗುವ ವೇಗದಿಂದ ಅಂದಾಜು ಮಾಡುವ ಬಗೆ. ಗಾಳಿ ಇಳಿದ ಗಾಲಿ ಸ್ವಲ್ಪ ಗಿಡ್ಡಾಗಿ ಹೆಚ್ಚು ಸುತ್ತುತ್ತದೆ, ಅದರಿಂದ ಗಾಡಿಗೆ ತಿಳಿಯುತ್ತದೆ. ಇದಕ್ಕೆ ನಂಬರಿಲ್ಲ, ರೀಸೆಟ್ ಗುಂಡಿ ಇರುತ್ತದೆ. ಆದರೆ ನಾಲ್ಕರಲ್ಲೂ ಗಾಳಿ ಸರಿಮಾಡಿದ ಮೇಲೇ ಒತ್ತಬೇಕು. ಗಾಳಿ ಕಡಿಮೆ ಇದ್ದಾಗ ಒತ್ತಿದರೆ ಆ ಕಡಿಮೆಯನ್ನೇ ಸರಿ ಎಂದು ತಿಳಿದುಕೊಳ್ಳುತ್ತದೆ.

ಕಲಿಸಿದ ಮೇಲೆ ಪರೀಕ್ಷೆ ಮಾಡಿ. ಒಂದು ಗಾಲಿಯಿಂದ ಮೂರು ಪಾಯಿಂಟ್ ಗಾಳಿ ಬಿಟ್ಟು, ಓಣಿಯಲ್ಲಿ ನಿಧಾನಕ್ಕೆ ಒಂದು ಸುತ್ತು ಓಡಿಸಿ. ಪರದೆಯಲ್ಲಿ ಅದೇ ಮೂಲೆಯ ಅಂಕಿ ಇಳಿದರೆ ಪಾಠ ಸರಿ. ಮತ್ತೆ ಗಾಳಿ ತುಂಬಿಸಿಬಿಡಿ. ಮೂರನೆಯ ಬಗೆಗೆ ಈ ಪರೀಕ್ಷೆ ನಡೆಯುವುದಿಲ್ಲ.

ನೆನಪಿನಲ್ಲಿರಲಿ

ಗಾಲಿ ಬದಲಿಸಿದಾಗ, ಹೊಸ ಟೈರು ಹಾಕಿಸಿದಾಗ "ಸೆನ್ಸರ್‌ಗೆ ಜಾಗ ಕಲಿಸಿದಿರೇನ್ರಿ?" ಎಂದು ಕೇಳಿ.

ಟೈರು ಬಿಚ್ಚುವ ಮುಂಚೆಯೇ ಒಳಗೆ ಸೆನ್ಸರ್ ಇದೆ ಎಂದು ಹೇಳಿ. ಇಲ್ಲದಿದ್ದರೆ ಸಲಾಕೆಗೆ ಸಿಕ್ಕು ಒಡೆದೀತು.

ದೀಪ ಸುಮ್ಮನೆ ಹತ್ತಿದರೆ ಗಾಳಿ ಕಡಿಮೆ. ಒಂದು ನಿಮಿಷ ಮಿಣುಕಿ ಆಮೇಲೆ ನಿಂತರೆ ಸೆನ್ಸರ್ ಕೆಟ್ಟಿದೆ ಎಂದು ಬಹಳ ಗಾಡಿಗಳಲ್ಲಿ ಅರ್ಥ. ಒಳಗಿನ ಸೆನ್ಸರ್‌ನ ಸೆಲ್ಲು ಐದರಿಂದ ಹತ್ತು ವರ್ಷ ಬಾಳುತ್ತದೆ. ಮುಗಿದರೆ ಸಾಮಾನ್ಯವಾಗಿ ಸೆನ್ಸರನ್ನೇ ಬದಲಿಸಬೇಕು.

ಅನೇಕ ಗಾಡಿಗಳಲ್ಲಿ ಕಾಲು ಭಾಗ ಗಾಳಿ ಹೋದ ಮೇಲೇ ದೀಪ ಹತ್ತುತ್ತದೆ. ಆದ್ದರಿಂದ ತಿಂಗಳಿಗೊಮ್ಮೆ, ದೂರದ ಪ್ರಯಾಣದ ಮುನ್ನ, ಕೈ ಗೇಜಿನಿಂದ ನೋಡಲೇಬೇಕು. ಸ್ಟೆಪ್ನಿಯನ್ನೂ ಮರೆಯಬೇಡಿ. ಹೆಚ್ಚಾಗಿ ಅದರೊಳಗೆ ಸೆನ್ಸರ್ ಇರುವುದಿಲ್ಲ.

ಯಂತ್ರ ಎಷ್ಟೇ ಜಾಣವಾದರೂ ನಾವು ಕಲಿಸಿದ್ದನ್ನಷ್ಟೇ ಹೇಳುತ್ತದೆ. ಇಟಗಿಯ ಗುಡಿ ಒಂಬೈನೂರು ವರ್ಷ ಕಾದಿದೆ, ಇನ್ನು ಅರ್ಧ ತಾಸು ಕಾಯುತ್ತದೆ. ನೀವು ನಾಲ್ಕೂ ಗಾಲಿ ನೋಡಿಯೇ ಹೊರಡಿ. ಪ್ರಯಾಣ ಸುಖಕರವಾಗಲಿ.