ಎದುರು ಮನೆಯವರ ಎಸ್.ಆರ್.

ಲಕ್ಷ್ಮೀಪುರಂ, ಮೈಸೂರು

1 ಜೂನ್ 2025, ಭಾನುವಾರ

ಎದುರು ಮನೆಯವರು ಬೆಳಿಗ್ಗೆಯೇ ಸೇವಾ ಪುಸ್ತಕದ (ಎಸ್.ಆರ್.) ಜೆರಾಕ್ಸ್ ಹಿಡಿದು ಬಂದರು. ಇದೇ 30ಕ್ಕೆ ಅವರ ನಿವೃತ್ತಿ. "ಅಕ್ಕಾ, ಪೆನ್ಷನ್ ಪೇಪರ್‌ಗೆ ಆಕ್ಷೇಪಣೆ ಬಿದ್ದು ವಾಪಸ್ ಬಂದಿದೆಯಂತೆ. ನೀವು ಸಿಬ್ಬಂದಿ ಶಾಖೆಯಲ್ಲೇ ಇದ್ದವರು, ಒಂದ್ಸಲ ನೋಡಿ" ಎಂದರು.

ಮೊದಲ ಪುಟದಲ್ಲಿ ಬೆರಳಚ್ಚು, ಹುಟ್ಟಿದ ತಾರೀಖು, ಗುರುತಿನ ಮಚ್ಚೆ. 1996ರಲ್ಲಿ ದ್ವಿತೀಯ ದರ್ಜೆ ಸಹಾಯಕಿಯಾಗಿ ಸೇರಿದ ನಮೂದು. ಪುಟ ತಿರುವುತ್ತಾ 2003ಕ್ಕೆ ಬಂದಾಗ ತೊಡಕು ಸಿಕ್ಕಿತು. ಅತ್ತೆಯ ಕಾಯಿಲೆಗೆಂದು ಹಾಕಿದ ಎಂಟು ತಿಂಗಳ ರಜೆಯ ಮಂಜೂರಾತಿ ಆದೇಶ ಎಸ್.ಆರ್.ಗೆ ಏರಿಲ್ಲ. ಅದು ಅನಧಿಕೃತ ಗೈರು ಎಂದೇ ನಿಂತರೆ ಆ ಅವಧಿ ಪಿಂಚಣಿಗೆ ಲೆಕ್ಕವಾಗುವ ಅರ್ಹತಾದಾಯಕ ಸೇವೆಗೆ ಸೇರುವುದಿಲ್ಲ.

ನಮ್ಮ ರಾಜ್ಯದಲ್ಲಿ ಪೂರ್ಣ ಪಿಂಚಣಿಗೆ 30 ವರ್ಷದ ಅರ್ಹತಾದಾಯಕ ಸೇವೆ ಬೇಕು. ಕೊನೆಯ ಮೂಲವೇತನ 60,000 ರೂಪಾಯಿ ಇದ್ದವರಿಗೆ ಅದರರ್ಧ, 30,000. ಸೇವೆ 27 ವರ್ಷಕ್ಕೇ ನಿಂತರೆ 27,000. ಒಂದು ಸಾಲು ಬರೆಯದೆ ಬಿಟ್ಟ ಗುಮಾಸ್ತರಿಗೆ ಅದು ಐದು ನಿಮಿಷದ ಕೆಲಸ, ಕಳೆದುಕೊಳ್ಳುವವರಿಗೆ ಜೀವನಪೂರ್ತಿಯ ನಷ್ಟ.

4 ಜೂನ್, ಬುಧವಾರ

ಬಡ್ತಿಯ ಪುಟಗಳನ್ನು ನೋಡಿದೆ. ಪ್ರೊಬೇಷನ್ ತೃಪ್ತಿಕರ ಎಂಬ ಘೋಷಣೆ ಇದೆ, ಇಲಾಖಾ ಪರೀಕ್ಷೆ ಪಾಸಾದ ನಮೂದೂ ಇದೆ. ಎಷ್ಟೋ ಜನ ಅಕೌಂಟ್ಸ್ ಹೈಯರ್ ಪರೀಕ್ಷೆ ಮುಗಿಸದೆ, ತಮಗಿಂತ ಕಿರಿಯರು ಮೇಲೇರುವುದನ್ನು ನೋಡುತ್ತಾ ಕುಳಿತದ್ದನ್ನು ಕಂಡಿದ್ದೇನೆ. ಜ್ಯೇಷ್ಠತೆ ಒಂದೇ ಸಾಲದು, ಪರೀಕ್ಷೆಯೂ ಆಗಿರಬೇಕು, ಖಾಲಿ ಹುದ್ದೆಯೂ ಇರಬೇಕು. ಹುದ್ದೆಯೇ ಖಾಲಿಯಿಲ್ಲದೆ ಒಂದೇ ಕಡೆ ಕೊಳೆಯುವವರಿಗೆಂದೇ 10 ವರ್ಷದ ಕಾಲಮಿತಿ ಬಡ್ತಿ, 15 ವರ್ಷದ ಸ್ವಯಂಚಾಲಿತ ವಿಶೇಷ ಬಡ್ತಿ, 20 ವರ್ಷದ ಹೆಚ್ಚುವರಿ ಇಂಕ್ರಿಮೆಂಟ್ ಬಂದವು. ಹೆಸರು "ಸ್ವಯಂಚಾಲಿತ" ಎಂದಿದ್ದರೂ ಆದೇಶ ಹೊರಡಿಸಲು ಯಾರಾದರೂ ಕಡತ ಮಂಡಿಸಲೇಬೇಕು.

ಸಂಜೆ ಅವರ ಮನೆಯ ಟ್ರಂಕಿನಲ್ಲಿ, ಮಕ್ಕಳ ಅಂಕಪಟ್ಟಿಗಳ ಅಡಿಯಲ್ಲಿ, ರಜೆ ಮಂಜೂರಾತಿ ಆದೇಶದ ಪ್ರತಿ ಸಿಕ್ಕಿತು. ಅವರ ಕಣ್ಣು ತುಂಬಿತು. ನನ್ನದೂ.

15 ಜೂನ್, ಭಾನುವಾರ

ತಂಗಿಯ ಮಗ ಬಂದಿದ್ದ. 2008ರಲ್ಲಿ ಸೇವೆಗೆ ಸೇರಿದವನು. "ದೊಡ್ಡಮ್ಮಾ, ನಿಮ್ಮ ಲೆಕ್ಕ ನಮಗೆ ಬರಲ್ಲ" ಎಂದ. ನಿಜ. 1 ಏಪ್ರಿಲ್ 2006ರಿಂದ ಸೇರಿದವರಿಗೆ ರಾಷ್ಟ್ರೀಯ ಪಿಂಚಣಿ ವ್ಯವಸ್ಥೆ (ಎನ್‌ಪಿಎಸ್). ಮೂಲವೇತನ ಮತ್ತು ತುಟ್ಟಿಭತ್ಯೆಯಲ್ಲಿ ನೌಕರನದು ಶೇ. 10, ಸರ್ಕಾರದ್ದು ಶೇ. 14. ಕೊನೆಗೆ ಎಷ್ಟು ಪಿಂಚಣಿ ಎಂಬುದು ಮಾರುಕಟ್ಟೆಯ ಕೈಯಲ್ಲಿ. ಆ ತಾರೀಖಿಗೆ ಮುಂಚೆಯೇ ನೇಮಕಾತಿ ಅಧಿಸೂಚನೆಯಾಗಿ ಆಮೇಲೆ ಸೇರಿದವರಿಗೆ 2024ರ ಜನವರಿಯಲ್ಲಿ ರಾಜ್ಯ ಸರ್ಕಾರ ಹಳೆಯ ಪಿಂಚಣಿಯ ದಾರಿ ತೆರೆಯಿತು. ಇವನ ಅಧಿಸೂಚನೆ 2007ರದ್ದು, ಹಾಗಾಗಿ ಇವನಿಗೆ ಆ ದಾರಿಯಿಲ್ಲ. ಒಂದೇ ಮೇಜಿನ ಎರಡು ಬದಿ ಕುಳಿತು ಒಂದೇ ಕೆಲಸ ಮಾಡುವವರ ಮುಪ್ಪು ಎರಡು ಬಗೆಯದಾಗುವುದು ನನಗೆ ನ್ಯಾಯವೆಂದು ಕಾಣುವುದಿಲ್ಲ.

22 ಜೂನ್, ಭಾನುವಾರ

ಎದುರು ಮನೆಯವರ ವಾರ್ಷಿಕ ವೇತನ ಬಡ್ತಿಯ ದಿನ ಜುಲೈ 1, ನಿವೃತ್ತಿ ಅದರ ಹಿಂದಿನ ದಿನ. ವರ್ಷವಿಡೀ ದುಡಿದದ್ದಕ್ಕೆ ಸಿಗಬೇಕಾದ ಬಡ್ತಿಯನ್ನು ಮರುದಿನ ಸೇವೆಯಲ್ಲಿಲ್ಲ ಎಂಬ ಕಾರಣಕ್ಕೆ ತಪ್ಪಿಸಬಾರದೆಂದು ಸುಪ್ರೀಂ ಕೋರ್ಟ್ 11 ಏಪ್ರಿಲ್ 2023ರಂದು ಹೇಳಿದೆ. ಆ ಪ್ರಕರಣ ನಮ್ಮ ಕರ್ನಾಟಕದ್ದೇ: ಕೆಪಿಟಿಸಿಎಲ್ ಮತ್ತು ಸಿ.ಪಿ. ಮುಂಡಿನಮನಿ. ಅದನ್ನು ಉಲ್ಲೇಖಿಸಿ ಮನವಿ ಬರೆದುಕೊಟ್ಟೆ. ಬೇಡಿಕೊಳ್ಳುವ ಧಾಟಿ ಬೇಡವೆಂದೂ ಹೇಳಿದೆ. ಪಿಂಚಣಿ ಸರ್ಕಾರದ ಕೃಪೆಯಲ್ಲ, ನೌಕರನ ಹಕ್ಕು ಎಂದು ಡಿ.ಎಸ್. ನಕಾರ ಪ್ರಕರಣದಲ್ಲಿ ತೀರ್ಪಾದದ್ದು 17 ಡಿಸೆಂಬರ್ 1982ರಂದು. ಪಿಂಚಣಿದಾರರ ದಿನವನ್ನು ಇಂದಿಗೂ ಆ ದಿನವೇ ಆಚರಿಸುತ್ತಾರೆ.

30 ಜೂನ್, ಸೋಮವಾರ

ಮೈಸೂರು ಪೇಟ, ಹಾರ, ಫಲತಾಂಬೂಲದೊಂದಿಗೆ ಬೀಳ್ಕೊಡುಗೆ ಮುಗಿಯಿತು. ರಜೆಯ ಆದೇಶ ಎಸ್.ಆರ್.ಗೆ ಏರಿದೆ, ಮೇಲಧಿಕಾರಿಯ ಸಹಿ ಬಿದ್ದಿದೆ, ಪಿಂಚಣಿ ಕಡತ ಮತ್ತೆ ಮಹಾಲೇಖಪಾಲರ ಕಚೇರಿಗೆ ಹೋಗಿದೆ. ಪಿಂಚಣಿ ಪಾವತಿ ಆದೇಶ (ಪಿಪಿಒ) ಇನ್ನೂ ಬರಬೇಕು.

ತಂಗಿಯ ಮಗನಿಗೂ ಅವನ ಸಹೋದ್ಯೋಗಿಗಳಿಗೂ ನಾನು ಹೇಳುವುದಿಷ್ಟೇ: ವರ್ಷಕ್ಕೊಮ್ಮೆ ನಿಮ್ಮ ಸೇವಾ ಪುಸ್ತಕವನ್ನು ಕೇಳಿ ತರಿಸಿ, ಪ್ರತಿ ನಮೂದನ್ನೂ ಓದಿ, ಆಮೇಲೆ ಸಹಿ ಹಾಕಿ. ಪ್ರತಿ ಆದೇಶದ ಒಂದು ನಕಲು ಮನೆಯಲ್ಲಿಡಿ. ನಿವೃತ್ತಿಯ ತಿಂಗಳವರೆಗೆ ಕಾಯಬೇಡಿ.